ಬಾಲದ ಗಾಡಿ

ನಮ್ಮ ಮನೆಯಲ್ಲಿ ಸಂಜೆ ಬಾಗಿಲು ಹಾಕುವುದು ಅತ್ತೆಯ ಕೆಲಸ. ಎಲ್ಲರೂ ಒಳಗೆ ಬಂದರೆಂದು ಖಾತ್ರಿಯಾದ ಮೇಲೆ "ಬಾಲ ಬಂತು" ಎಂದು ತನಗೆ ತಾನೇ ಹೇಳಿಕೊಂಡು ಚಿಲಕ ಹಾಕುತ್ತಿದ್ದಳು. ಆ ಬಾಲ ಹೆಚ್ಚಾಗಿ ನಾನೇ. ಆಟ ಬಿಟ್ಟು ಬರುವುದರಲ್ಲಿ ನಾನು ಯಾವತ್ತೂ ಕೊನೆಯವಳು. ಹಾಗಾಗಿ ಮನೆಯಲ್ಲಿ ನನಗೆ ಬಾಲ ಅಂತಲೇ ಹೆಸರು ಬಿತ್ತು. ಹೆಣ್ಣುಮಗುವಿಗೆ ಇದೆಂಥ ಹೆಸರು ಎಂದು ಅಮ್ಮ ಎಷ್ಟು ಗೊಣಗಿದರೂ ಅದು ಅಂಟಿಕೊಂಡೇ ಬಿಟ್ಟಿತು.

ಇಷ್ಟು ತಮಾಷೆ. ತಮಾಷೆಯಲ್ಲದ್ದು ಆಮೇಲಿನದು. ಚಿಲಕ ಹಾಕಿದ ಅತ್ತೆ ನಾಲ್ಕು ಹೆಜ್ಜೆ ಒಳಗೆ ಬರುತ್ತಿದ್ದಳು, ನಿಲ್ಲುತ್ತಿದ್ದಳು, ಹಿಂದಿರುಗಿ ಹೋಗಿ ಮತ್ತೆ ಚಿಲಕ ತೆಗೆದು ಹೊರಗೆ ಇಣುಕುತ್ತಿದ್ದಳು. ಹೊರಗೆ ಯಾರೂ ಇರುತ್ತಿರಲಿಲ್ಲ. ಎದುರುಮನೆಯ ಗೋಡೆ, ಬೀದಿದೀಪ, ಅದರ ಕೆಳಗೆ ಮಲಗಿದ ನಾಯಿ. ಅಷ್ಟನ್ನು ಒಂದು ನಿಮಿಷ ನೋಡಿ ಬಾಗಿಲು ಹಾಕಿಕೊಂಡು ಬರುತ್ತಿದ್ದಳು. ನನಗೆ ಬುದ್ಧಿ ಬಂದಾಗಿನಿಂದ ಮೊನ್ನೆಮೊನ್ನೆಯವರೆಗೆ ಒಂದು ಸಂಜೆಯೂ ಇದು ತಪ್ಪಿದ್ದಿಲ್ಲ. ಯಾರನ್ನು ನೋಡ್ತೀಯ ಎಂದು ಕೇಳಿದರೆ ಯಾರನ್ನೂ ಇಲ್ಲ ಅನ್ನುತ್ತಿದ್ದಳು.

ಅತ್ತೆಯೆಂದರೆ ಅಪ್ಪನ ಅಕ್ಕ, ಮದುವೆಯಾಗದೆ ತವರಿನಲ್ಲೇ ಉಳಿದವಳು, ನನ್ನನ್ನು ಸಾಕಿದವಳು. ಅವಳ ಬದುಕು ಒಂದೇ ಒಂದು ಪ್ರಶ್ನೆಗೆ ಜೋತುಬಿದ್ದಿತ್ತು: ಆ ದಿನ ಬಾಲ ಯಾವುದು? ಈ ಪ್ರಶ್ನೆಯ ಉತ್ತರದ ಮೇಲೆ ಒಬ್ಬ ಮನುಷ್ಯನ ಮಾನ ನಿಂತಿತ್ತು. ಅದು ಅರ್ಥವಾಗಬೇಕಾದರೆ ಮೊದಲು ಸುರಂಗದ ವಿಷಯ ಹೇಳಬೇಕು.

ನಮ್ಮ ಊರಿಗೂ ಆಚೆಯ ಊರಿಗೂ ನಡುವೆ ಒಂದು ಗುಡ್ಡ. ಗುಡ್ಡದ ಹೊಟ್ಟೆಯಲ್ಲಿ ಎರಡೂವರೆ ಕಿಲೋಮೀಟರ್ ಉದ್ದದ ಹಳೆಯ ಸುರಂಗ. ಎತ್ತಿನ ಗಾಡಿಯ ಕಾಲದಲ್ಲಿ ಕೊರೆದದ್ದು, ಅಗಲ ಒಂದು ಲಾರಿಗೆ ಸರಿಯಾಗಿ ಸಾಕು. ನಡುವೆ ಒಂದು ತಿರುವು ಬೇರೆ. ಈ ಬಾಯಲ್ಲಿ ನಿಂತರೆ ಆ ಬಾಯಿಯ ಬೆಳಕು ಕಾಣುವುದಿಲ್ಲ. ಎದುರಿನಿಂದ ಯಾರೂ ಬರುತ್ತಿಲ್ಲ ಎಂದು ಗೊತ್ತಾಗದೆ ಯಾರೂ ಒಳಗೆ ಹೋಗುವ ಹಾಗಿಲ್ಲ. ಆದ್ದರಿಂದ ಎರಡೂ ಕಡೆ ಒಂದೊಂದು ಗೇಟು, ಗೇಟಿನ ಪಕ್ಕ ಒಬ್ಬರು ಕೂರುವಷ್ಟು ಗೂಡು.

ನಮ್ಮ ಕಡೆಯ ಗೇಟಿನವನು ನನ್ನ ತಾತ. ಆಗ ಫೋನಿರಲಿಲ್ಲ, ಕೋಲಿತ್ತು. ಮೊಳದುದ್ದದ, ಕೆಂಪು ಬಣ್ಣ ಬಳಿದ ಮರದ ಕೋಲು. ಒಂದು ಗುಂಪು ಗಾಡಿಗಳನ್ನು ಬಿಟ್ಟಾಗ ಕೊನೆಯ ಗಾಡಿಯವನ ಕೈಗೆ ತಾತ ಕೋಲು ಕೊಡುತ್ತಿದ್ದ. ಅವನು ಆಚೆ ತಲುಪಿ ಕೋಲು ಒಪ್ಪಿಸಿದ ಮೇಲೆಯೇ ಆ ಕಡೆಯವರು ತಮ್ಮ ಗಾಡಿಗಳನ್ನು ಬಿಡುವುದು. ತಪ್ಪುವ ಪ್ರಶ್ನೆಯೇ ಇಲ್ಲ. ಆದರೆ ಕೋಲು ಆ ಕಡೆ ಇದ್ದು ಗಾಡಿಗಳು ಈ ಕಡೆ ನಿಂತಿದ್ದರೆ, ಯಾರಾದರೂ ಕೋಲು ಹಿಡಿದು ಬರುವ ತನಕ ಬಾಯಿಗೆ ಬೆರಳಿಟ್ಟುಕೊಂಡು ಕೂರಬೇಕು. ಹಾಗಾಗಿ ಬೆಳಿಗ್ಗೆ ಇಲ್ಲಿಂದ, ಮಧ್ಯಾಹ್ನ ಅಲ್ಲಿಂದ ಎಂದು ಹೊತ್ತು ಗೊತ್ತುಮಾಡಿದ್ದರು. ದಿನಕ್ಕೆ ನಲವತ್ತು ಗಾಡಿ ದಾಟಿದರೆ ಅದೇ ಹೆಚ್ಚು. ತರಕಾರಿ ಬಾಡುತ್ತಿತ್ತು, ಹಾಲು ಒಡೆಯುತ್ತಿತ್ತು, ಆಚೆ ಊರಿನ ಸುದ್ದಿ ನಮಗೆ ಎರಡು ದಿನ ಹಳತಾಗಿ ಬರುತ್ತಿತ್ತು.

ಆಮೇಲೆ ಫೋನು ಬಂತು. ತಂತಿಯನ್ನು ಗುಡ್ಡ ಹತ್ತಿಸಿ ಇಳಿಸುವ ಗೋಜಿಗೆ ಯಾರೂ ಹೋಗಲಿಲ್ಲ, ಸುರಂಗದ ಗೋಡೆಗೇ ಮೊಳೆ ಹೊಡೆದು ಎಳೆದುಬಿಟ್ಟರು. ದಾರಿಯಿತ್ತು, ಆದ್ದರಿಂದ ತಂತಿ ಬಂತು. ತಂತಿ ಬಂದದ್ದೇ ದಾರಿಯ ಅವತಾರವೇ ಬದಲಾಯಿತು. ಕೋಲಿಗೆ ಕಾಯುವುದು ತಪ್ಪಿತು, ಫೋನಿನ ಪಕ್ಕದ ಹಿಡಿ ತಿರುಗಿಸಿ ಒಂದು ಮಾತು ಹೇಳಿದರೆ ಮುಗಿಯಿತು. ಎರಡೇ ವರ್ಷದಲ್ಲಿ ನಲವತ್ತು ಗಾಡಿ ಮುನ್ನೂರಾಯಿತು. ಹಾಲಿನ ವ್ಯಾನ್ ಬಂತು, ದಿನಕ್ಕೆ ಆರು ಬಸ್ಸು ಬಂದವು, ಆಚೆಯ ಊರು ನೋಡನೋಡುತ್ತ ದಪ್ಪವಾಯಿತು. ಅಂಚೆ ಚೀಲ ಕೂಡ ದಿನಕ್ಕೆರಡು ಸಲ ಹೋಗತೊಡಗಿತು. ಅದನ್ನು ರೈಲ್ವೆ ಸ್ಟೇಷನ್ನಿನಿಂದ ಮೊಪೆಡ್ ಮೇಲೆ ಹೊತ್ತೊಯ್ಯುವ ಕೆಲಸ ನನ್ನ ಅಪ್ಪನಿಗೆ ಸಿಕ್ಕಿತು.

ಫೋನಿನಿಂದ ಸೋತವನು ತಾತ ಒಬ್ಬನೇ. ಆ ಕಡೆಯವರು "ಬಾಲ ಬಂತಾ?" ಎಂದು ಕೇಳಿದರೆ ಅವನು ರಿಸೀವರ್ ಕಿವಿಗಿಟ್ಟುಕೊಂಡು ಹೌದೆಂದು ತಲೆಯಾಡಿಸಿ ಸುಮ್ಮನಾಗುತ್ತಿದ್ದ. ಅವರು ಹಲೋ ಹಲೋ ಎಂದು ಗಂಟಲು ಹರಿದುಕೊಳ್ಳುತ್ತಿದ್ದರು. ಇವನು ಇನ್ನೂ ಜೋರಾಗಿ ತಲೆಯಾಡಿಸುತ್ತಿದ್ದ. ಊಟ ತಂದಿದ್ದ ಅತ್ತೆ ಒಂದು ದಿನ ತಡೆಯಲಾರದೆ ರಿಸೀವರ್ ಕಿತ್ತುಕೊಂಡು "ಬಂತು" ಎಂದಳು. ಅವಳ ದನಿ ಗಂಟೆ ಹೊಡೆದ ಹಾಗೆ ಸ್ಪಷ್ಟ. ಮುಂದಿನ ತಿಂಗಳಿಂದ ಗೇಟು ಅವಳದಾಯಿತು. ಆಗ ಅವಳಿಗೆ ಹತ್ತೊಂಬತ್ತು.

ಕೆಲಸ ಹೀಗಿತ್ತು. ಏಳು ಗಾಡಿ ಬಿಟ್ಟಳೆನ್ನಿ. ಫೋನೆತ್ತಿ "ಏಳು, ಬಾಲ ನೀಲಿ ಲಾರಿ" ಎನ್ನುವಳು. ಬಾಲವೆಂದರೆ ಗುಂಪಿನ ಕೊನೆಯ ಗಾಡಿ, ಅದರ ಗುರುತು ಹೇಳುವುದು ಕಡ್ಡಾಯ. ಆ ಕಡೆಯವನು ನೀಲಿ ಲಾರಿ ಹೊರಬಿದ್ದದ್ದನ್ನು ಕಣ್ಣಾರೆ ಕಂಡು ತನ್ನ ಗೇಟು ಎತ್ತುವನು, ಆಮೇಲೆ ಫೋನು ಮಾಡಿ "ನೀಲಿ ಲಾರಿ ಬಂತು, ನಾನು ಐದು ಬಿಟ್ಟೆ, ಬಾಲ ಇಂಥದ್ದು" ಎನ್ನುವನು. ಬಾಲ ಹೇಳಿಯಾದ ಮೇಲೆ ಇನ್ನೊಂದು ಗಾಡಿ ಬಿಡಬೇಕಾಗಿ ಬಂದರೆ, ಮೊದಲು ಫೋನು ಮಾಡಿ "ಬಾಲ ಬದಲು" ಎನ್ನಬೇಕು, ಅವನು ಒಪ್ಪಿದ ಮೇಲೆ ಗೇಟು ಎತ್ತಬೇಕು. ಆಗ ಮಾತ್ರ ಮೊದಲು ಫೋನು, ಆಮೇಲೆ ಗೇಟು. ನಿಯಮವೆಂದು ಇದ್ದದ್ದು ಇದೊಂದೇ.

ಹೀಗೆ ಹನ್ನೊಂದು ವರ್ಷ ದಿನಕ್ಕೆ ಐವತ್ತು ಸಲ ಮಾತಾಡಿದರೂ ಅವರಿಬ್ಬರೂ ಒಬ್ಬರ ಮುಖ ಒಬ್ಬರು ನೋಡಿದವರಲ್ಲ. ಒಬ್ಬರು ಗೇಟು ಬಿಟ್ಟು ಹೋದರೆ ತಾನೇ ನೋಡುವುದು? ಅವಳು ಅವನನ್ನು ಆ ಕಡೆಯಣ್ಣ ಎನ್ನುತ್ತಿದ್ದಳು, ಅವನು ಅವಳನ್ನು ಆ ಕಡೆಯಮ್ಮ ಎನ್ನುತ್ತಿದ್ದ. ಇಬ್ಬರೂ ಆ ಕಡೆಯವರೇ, ಈ ಕಡೆಯವರೆಂದು ಯಾರೂ ಇರಲಿಲ್ಲ ಎಂದು ಅತ್ತೆ ಒಮ್ಮೆ ನಕ್ಕದ್ದು ನನಗೆ ನೆನಪಿದೆ. ಅಲ್ಲಿ ಮೋಡ ಕಟ್ಟಿದರೆ ಅವನು ತಿಳಿಸುತ್ತಿದ್ದ, ಅವಳು ಒಣಹಾಕಿದ ಬಟ್ಟೆ ತೆಗೆಯುತ್ತಿದ್ದಳು. ಅವನಿಗೆ ಮಗಳು ಹುಟ್ಟಿದ ಸುದ್ದಿ ಅವನ ಹೆಂಡತಿಯ ತವರಿಗೆ ಮುಟ್ಟುವ ಮೊದಲೇ ಅವಳಿಗೆ ಮುಟ್ಟಿತ್ತು. ಚಳಿಗೆ ರಿಸೀವರ್ ಹಿಡಿಯುವುದು ಕಷ್ಟ ಎಂದು ಇವಳು ಹೇಳಿದ್ದಕ್ಕೆ ಒಂದು ಲಾರಿಯವನ ಕೈಲಿ ಉಣ್ಣೆಯ ಕೈಗವಸು ಕಳಿಸಿದ್ದ. ಬೂದು ಬಣ್ಣದ್ದು. ಅದು ಇವತ್ತಿಗೂ ಅವಳ ಪೆಟ್ಟಿಗೆಯಲ್ಲಿದೆ.

ನನಗೆ ಮೂರು ವರ್ಷವಿದ್ದಾಗ ಅಪ್ಪ ಆ ಸುರಂಗದೊಳಗೆ ಸತ್ತ.

ನಾನು ಕೇಳುತ್ತ ಬೆಳೆದದ್ದು ಇಷ್ಟು. ಹನ್ನೊಂದೂ ಇಪ್ಪತ್ತರ ಗುಂಪಿನಲ್ಲಿ ಅಪ್ಪನ ಮೊಪೆಡ್ ಕೊನೆಯದು. ತಿರುವಿನ ಹತ್ತಿರ ಚೈನು ಕಳಚಿಕೊಂಡಿತು, ದೀಪ ಆರಿತು. ಕತ್ತಲಲ್ಲಿ ಗೋಡೆಗೆ ಒರಗಿಸಿ ಚೈನು ಹಾಕುತ್ತಿದ್ದಾಗ ಆ ಕಡೆಯಿಂದ ಬಿಟ್ಟ ಲಾರಿ ತಿರುವಿನಲ್ಲಿ ಬಂತು. ಆ ಕಡೆಯ ಗೇಟಿನವನು ಬಾಲ ಬರುವ ಮೊದಲೇ ಗೇಟು ಎತ್ತಿಬಿಟ್ಟಿದ್ದ. ವಿಚಾರಣೆ ನಡೆಯಿತು. ತನಗೆ ಹೇಳಿದ ಬಾಲ ಹಾಲಿನ ವ್ಯಾನ್, ಅದು ಹೊರಬಂದದ್ದನ್ನು ಕಂಡೇ ಗೇಟು ಎತ್ತಿದೆ ಎಂದು ಅವನು ಗೋಗರೆದ. ನಾನು ಹೇಳಿದ ಬಾಲ ಅಂಚೆ ಮೊಪೆಡ್ ಎಂದು ಅತ್ತೆ ಹೇಳಿದಳು. ಸತ್ತವನ ಅಕ್ಕನ ಮಾತನ್ನು ಯಾರು ಅನುಮಾನಿಸುತ್ತಾರೆ? ಅವನ ಕೆಲಸ ಹೋಯಿತು. ಊರು ಅವನಿಗೆ ಕೊಲೆಗಡುಕ ಎಂದು ಹೆಸರಿಟ್ಟಿತು. ಅಪ್ಪನ ಚೀಲದಲ್ಲಿದ್ದ ಕಾಗದಗಳನ್ನು ಮರುದಿನ ಬೇರೆಯವರು ಹಂಚಿದರಂತೆ.

ಅಮ್ಮ ಆ ಮನುಷ್ಯನಿಗೆ ಹಿಡಿಶಾಪ ಹಾಕದೆ ಒಂದು ದಿನವೂ ಒಲೆ ಹಚ್ಚಲಿಲ್ಲ. ಅವನ ಕೈ ಸೇದಿಹೋಗಲಿ, ಅವನ ಮನೆ ಹಾಳಾಗಲಿ. ಅತ್ತೆ ಅದೇ ಅಡುಗೆಮನೆಯಲ್ಲಿ ತಲೆ ತಗ್ಗಿಸಿ ತರಕಾರಿ ಹೆಚ್ಚುತ್ತಿದ್ದಳು. ಸಾಯುವ ಹಿಂದಿನ ವಾರವೂ ಅಮ್ಮ ಶಾಪ ಹಾಕಿದಳು, ಅತ್ತೆ ಕೇಳಿಸಿಕೊಂಡಳು. ಅಮ್ಮ ಹೋಗಿ ಆರು ವರ್ಷವಾಯಿತು.

ಅತ್ತೆಯ ಕೆಲಸ ಉಳಿಯಿತು, ಆ ಕೆಲಸದಲ್ಲೇ ನಾವು ಮೂವರೂ ಬದುಕಿದೆವು. ಶಾಲೆಗೆ ರಜೆಯಿದ್ದಾಗ ನಾನು ಗೂಡಿಗೆ ಹೋಗುತ್ತಿದ್ದೆ. ಬೆಳಿಗ್ಗೆ ಹನ್ನೊಂದೂ ಇಪ್ಪತ್ತರ ಸುಮಾರಿಗೆ ಫೋನಿನ ಗಂಟೆ ಅರ್ಧಕ್ಕೆ ಹೊಡೆದು ನಿಲ್ಲುತ್ತಿತ್ತು. ಆ ಕಡೆಗೆ ಬಂದ ಹೊಸಬ ನಾನು ಮಾಡಿಲ್ಲ ಎನ್ನುತ್ತಿದ್ದ. ಸುರಂಗದ ಗೋಡೆ ಜಿನುಗಿ ತಂತಿ ಒದ್ದೆಯಾಗಿದೆ, ಅದಕ್ಕೇ ಗಂಟೆ ತಾನಾಗಿ ಅಲುಗುತ್ತದೆ ಎಂದು ಲೈನ್‌ಮನ್ ಹೇಳಿಹೋದ. ತಂತಿ ಬದಲಾಯಿಸಿದರು. ಗಂಟೆ ನಿಲ್ಲಲಿಲ್ಲ. ಅತ್ತೆ ಮಾತ್ರ ಪ್ರತಿ ಸಲವೂ ಎತ್ತುತ್ತಿದ್ದಳು, ಏನೂ ಮಾತಾಡದೆ ಕೇಳಿಸಿಕೊಳ್ಳುತ್ತಿದ್ದಳು, ಮೆಲ್ಲಗೆ ಇಡುತ್ತಿದ್ದಳು.

ಒಂದು ಸಲ, ನನಗೆ ಎಂಟು ವರ್ಷವಿರಬೇಕು, ಅವಳು ಗೇಟಿನ ಹತ್ತಿರ ಇದ್ದಾಗ ಗಂಟೆ ಅಲುಗಿತು. ನಾನೇ ಎತ್ತಿದೆ. ನೀರು ತೊಟ್ಟಿಕ್ಕುವ ಸದ್ದು. ಅದರ ಹಿಂದೆ ಕಬ್ಬಿಣದ ಮೇಲೆ ಕಬ್ಬಿಣ ಜಾರುವ ಸಣ್ಣ ಸದ್ದು, ಯಾರೋ ಏನನ್ನೋ ಕಚ್ಚಿಸಲು ನೋಡಿ, ಅದು ಕಚ್ಚದೆ, ಮತ್ತೆ ನೋಡುವ ಹಾಗೆ. ಅವಸರವಿಲ್ಲದ ಸದ್ದು. ಏನೂ ಹೆದರಿಕೆಯಾಗಲಿಲ್ಲ ನನಗೆ, ಇನ್ನೂ ಸ್ವಲ್ಪ ಕೇಳೋಣ ಅನ್ನಿಸಿತು. ಅಷ್ಟರಲ್ಲಿ ಅತ್ತೆ ಓಡಿಬಂದು ರಿಸೀವರ್ ಕಸಿದು ನನ್ನ ಕೆನ್ನೆಗೆ ಹೊಡೆದಳು. ಅವಳು ನನ್ನ ಮೇಲೆ ಕೈಮಾಡಿದ್ದು ಅದೊಂದೇ ಸಲ. ಆಮೇಲೆ ನನ್ನನ್ನು ತಬ್ಬಿಕೊಂಡು ಏನು ಕೇಳಿಸಿತು, ಯಾರಾದರೂ ಮಾತಾಡಿದರಾ ಎಂದು ನಾಲ್ಕು ಸಲ ಕೇಳಿದಳು. ನೀರು ಅಂದೆ. ಬೇರೇನೂ ಹೇಳಲಿಲ್ಲ. ಯಾಕೆ ಹೇಳಲಿಲ್ಲವೆಂದು ಇವತ್ತಿಗೂ ಗೊತ್ತಿಲ್ಲ.

ಕಾಲ ಓಡಿತು. ಅಪಘಾತವಾದ ಮೇಲೆ ಕೆಲವು ತಿಂಗಳು ಕೆಂಪು ಕೋಲು ವಾಪಸ್ಸು ಬಂದಿತ್ತು, ಆದರೆ ಮುನ್ನೂರು ಗಾಡಿಗೆ ಒಗ್ಗಿಹೋದ ದಾರಿಯನ್ನು ಮತ್ತೆ ಕೋಲಿಗೆ ಕಟ್ಟಿಹಾಕಲು ಆಗುತ್ತದೆಯೇ? ಎರಡೂ ಬಾಯಲ್ಲಿ ಮೈಲಿಗಟ್ಟಲೆ ಸಾಲು, ಬೈಗುಳ. ಮತ್ತೆ ಫೋನೇ ಗತಿಯಾಯಿತು. ಆಮೇಲೆ ಡ್ರೈವರುಗಳ ಜೇಬಿಗೇ ಮೊಬೈಲು ಬಂತು. ಆಚೆ ಇರುವ ಗೆಳೆಯನಿಗೆ ಕರೆ ಮಾಡಿ, ಗೇಟು ಎತ್ತುವ ಹೊತ್ತು ಕೇಳಿಕೊಂಡು, ಸರಿಯಾಗಿ ಆ ಹೊತ್ತಿಗೇ ಬರತೊಡಗಿದರು. ಗೇಟಿನ ಮುಂದಿನ ಸಾಲು ಕರಗಿತು, ಸಾಲನ್ನು ನಂಬಿಕೊಂಡಿದ್ದ ಮೂರು ಟೀ ಅಂಗಡಿಗಳೂ ಕರಗಿದವು. ಕೊನೆಗೆ ಪಕ್ಕದಲ್ಲಿ ಹೊಸ ಸುರಂಗ ಕೊರೆದರು. ಹೋಗಲು ಒಂದು, ಬರಲು ಒಂದು, ಉದ್ದಕ್ಕೂ ದೀಪ. ಹಳೆಯದರ ಬಾಯಿಗೆ ಗೋಡೆ ಕಟ್ಟಿ, ಗೂಡಿನ ಜಾಗದಲ್ಲಿ ಮೊಬೈಲ್ ಟವರ್ ನಿಲ್ಲಿಸಿದರು. ರಸ್ತೆಯೂ ಕರೆಂಟೂ ಅಲ್ಲಿ ಮೊದಲೇ ಇತ್ತಲ್ಲ. ಅತ್ತೆಯನ್ನು ಇಲಾಖೆಯ ಕಚೇರಿಯಲ್ಲಿ ಒಂದು ಮೂಲೆಗೆ ಕೂರಿಸಿದರು, ಅಲ್ಲಿಂದಲೇ ಅವಳು ನಿವೃತ್ತಳಾದಳು. ಹೊಸ ಸುರಂಗದಲ್ಲಿ ಅವಳು ಒಮ್ಮೆಯೂ ಹೋಗಲಿಲ್ಲ. ಬಾ ಅತ್ತೆ, ನನ್ನ ಬಸ್ಸಲ್ಲೇ ಕರ್ಕೊಂಡು ಹೋಗ್ತೀನಿ ಎಂದರೆ ತಲೆ ಸುತ್ತುತ್ತದೆ ಎನ್ನುತ್ತಿದ್ದಳು.

ನಾನು ಬಸ್ ಕಂಡಕ್ಟರ್. ಆರು ವರ್ಷದಿಂದ ಇದೇ ದಾರಿ, ದಿನಕ್ಕೆ ಎಂಟು ಸಲ ಗುಡ್ಡದ ಹೊಟ್ಟೆಯೊಳಗೆ ಹೋಗಿಬರುತ್ತೇನೆ. ಆಚೆ ದಾಟಿದ ಕೂಡಲೇ ಸಿಗುವ ಮೊದಲ ಸ್ಟಾಪಿನಲ್ಲಿ ಒಬ್ಬ ಮುದುಕ ಕೂತಿರುತ್ತಿದ್ದ. ಬಸ್ಸು ಹತ್ತುವವನಲ್ಲ. ಬಾಗಿಲ ಬಳಿ ಬಂದು ನನ್ನನ್ನು ಕೇಳುತ್ತಿದ್ದ, "ಹಿಂದೆ ಇನ್ನೇನಾದ್ರೂ ಬರ್ತಿದ್ಯಾ ತಾಯಿ?" ಇಲ್ಲ ತಾತ ಎಂದರೆ ತಲೆಯಾಡಿಸಿ, ಆದರೂ ಸುರಂಗದ ಕಡೆಗೇ ನೋಡುತ್ತ ನಿಲ್ಲುತ್ತಿದ್ದ. ಎಲ್ಲ ಬಸ್ಸಿಗೂ ಇದೇ ಪ್ರಶ್ನೆ. ನಮ್ಮ ಜೊತೆಯವನೊಬ್ಬ, ಬರ್ತಿದೆ ತಾತ, ಹಿಂದೆ ವಿಮಾನ ಬರ್ತಿದೆ ಎಂದು ರೇಗಿಸಿದ್ದನಂತೆ. ಮುದುಕ ನಗಲಿಲ್ಲವಂತೆ, ಯಾವ ಬಣ್ಣದ್ದು ಎಂದು ಕೇಳಿದನಂತೆ.

ಇದನ್ನು ನಾನು ಅತ್ತೆಗೆ ಹೇಳಿದ್ದು ನಗಿಸಲಿಕ್ಕೆ. ಒಂದು ಭಾನುವಾರ ಬಟಾಣಿ ಸುಲಿಯುತ್ತ ಕೂತಿದ್ದೆವು. ಮುದುಕನ ದನಿಯನ್ನೇ ಅನುಕರಿಸಿ ಹೇಳಿದೆ. ಯಾವ ಬಣ್ಣದ್ದು ಎಂಬಲ್ಲಿಗೆ ಬಂದಾಗ ಅತ್ತೆಯ ಕೈ ನಿಂತಿತು. ಬಟ್ಟಲು ಕೆಳಗಿಟ್ಟು, ಅವನು ಮಾತಾಡುವ ಮೊದಲು ಗಂಟಲು ಸರಿಮಾಡಿಕೊಳ್ಳುತ್ತಾನಾ, ಎರಡು ಸಲ, ಎಂದು ಕೇಳಿದಳು. ಹೌದು, ನಿನಗೆ ಹೇಗೆ ಗೊತ್ತು ಅಂದೆ.

"ಬಾಲ, ಆ ಕಡೆಯಣ್ಣ ಸುಳ್ಳು ಹೇಳ್ಲಿಲ್ಲ ಕಣೆ," ಎಂದಳು. "ನಾನು ಹೇಳಿದ ಬಾಲ ಹಾಲಿನ ವ್ಯಾನೇ."

ಮೂವತ್ತೊಂದು ವರ್ಷದ ಹಿಂದಿನದನ್ನು ಅವಳು ನಿನ್ನೆಯದರಂತೆ ಹೇಳಿದಳು. ರೈಲು ತಡವಾಗಿತ್ತು. ಬಾಲ ಹಾಲಿನ ವ್ಯಾನ್ ಎಂದು ಹೇಳಿ, ಗೇಟು ಇಳಿಸಿದ ಮೇಲೆ ಅಪ್ಪ ಚೀಲ ಹೊತ್ತುಕೊಂಡು ಬಂದ. ಅಕ್ಕ, ತಡವಾದ್ರೆ ಮೇಲಿನವರು ನನ್ನ ಸುಮ್ನೆ ಬಿಡಲ್ಲ, ವ್ಯಾನ್ ಹಿಂದೇನೇ ಅಂಟ್ಕೊಂಡು ಹೋಗ್ತೀನಿ ಎಂದ. ಅವಳು ಒಳಗೆ ಹೋಗಿ ಹಿಡಿ ತಿರುಗಿಸಿದಳು. ಆ ಕಡೆ ಎತ್ತಲಿಲ್ಲ, ಅವನು ಗೇಟಿನ ಹತ್ತಿರ ಇದ್ದನೋ ಏನೋ. ವ್ಯಾನಿನ ಹಿಂದಿನ ದೀಪ ಇನ್ನೂ ಕಾಣುತ್ತಿತ್ತು. ತಮ್ಮನ ಮುಖ ನೋಡಿದಳು, ಗೇಟು ಎತ್ತಿದಳು. ಮೊದಲು ಗೇಟು, ಆಮೇಲೆ ಫೋನು. ಹನ್ನೊಂದು ವರ್ಷದಲ್ಲಿ ಮೊದಲನೆಯ ಸಲ. ಮತ್ತೆ ಫೋನಿಗೆ ಹೋಗುವಷ್ಟರಲ್ಲಿ ಒಬ್ಬ ಲಾರಿಯವನು, ಅವನನ್ನು ಬಿಟ್ಟೆ ನನ್ನನ್ಯಾಕೆ ಬಿಡಲಿಲ್ಲ ಎಂದು ಜಗಳಕ್ಕೆ ನಿಂತ. ಅವನನ್ನು ಸುಮ್ಮನಾಗಿಸುತ್ತಿರುವಾಗಲೇ ಗಂಟೆ ಹೊಡೆಯಿತು. ಹಾಲಿನ ವ್ಯಾನ್ ಬಂತು, ಐದು ಬಿಟ್ಟೆ, ಬಾಲ ನೀರಿನ ಟ್ಯಾಂಕರ್ ಎಂದ ಆ ಕಡೆಯಣ್ಣ.

"ವ್ಯಾನ್ ಹಿಂದೆ ಯಾರೂ ಬರ್ಲಿಲ್ವಾ ಅಂದೆ," ಎಂದಳು ಅತ್ತೆ. "ಅವರು, ಯಾರು ಬರ್ಬೇಕಿತ್ತು ಅಂತ ಕೇಳಿದ್ರು. ಇವತ್ತಿಗೂ ಅದೇ ಕೇಳ್ಸುತ್ತೆ ನಂಗೆ. ಯಾರು ಬರ್ಬೇಕಿತ್ತು, ಯಾರು ಬರ್ಬೇಕಿತ್ತು."

ವಿಚಾರಣೆಯಲ್ಲಿ ಯಾಕೆ ಸುಳ್ಳು ಹೇಳಿದೆ ಎಂದು ನಾನು ಕೇಳಲಿಲ್ಲ. ಅವಳೇ ಹೇಳಿದಳು. ಮೇಜಿನಾಚೆ ಮೂವರು ಕೂತಿದ್ದರು. ಬಾಗಿಲ ಹೊರಗೆ ಅಮ್ಮ ನನ್ನನ್ನು ಎತ್ತಿಕೊಂಡು ನಿಂತಿದ್ದಳು. ಕೆಲಸ ಹೋದರೆ ಮೂವರೂ ಬೀದಿಪಾಲು ಎಂಬುದೊಂದೇ ತಲೆಯಲ್ಲಿತ್ತು. ಕೋಲಿನ ಕಾಲವಾಗಿದ್ದರೆ ಸುಳ್ಳು ನಡೆಯುತ್ತಿರಲಿಲ್ಲ, ಕೋಲು ಯಾರ ಕೈಲಿತ್ತೋ ಅವನೇ ಬಾಲ. ತಂತಿಯೊಳಗೆ ಹೋದ ಮಾತು ಯಾರ ಕೈಗೂ ಸಿಗುವುದಿಲ್ಲ. ಬಾಲ ಯಾವುದೆಂದು ಹೇಳಿದಿರಿ ಎಂದು ಕೇಳಿದರು. ಅಂಚೆ ಮೊಪೆಡ್ ಎಂದಳು. ಎರಡೇ ಮಾತು. ಆ ಕಡೆಯಣ್ಣ ಕೋಣೆಯ ಇನ್ನೊಂದು ಮೂಲೆಯಲ್ಲಿ ನಿಂತಿದ್ದನಂತೆ. ಅವನ ಮುಖ ನೋಡುವ ಅವಕಾಶ ಅದೊಂದೇ ಸಲ ಸಿಕ್ಕಿತ್ತು. ನೋಡಲಿಲ್ಲವಂತೆ.

ನನಗೆ ಸಿಟ್ಟು ಬಂತು. ಅಪ್ಪ ಸತ್ತದ್ದಕ್ಕೆ ಅಷ್ಟಲ್ಲ, ತಮ್ಮನ ಮುಖ ನೋಡಿ ಗೇಟು ಎತ್ತುವುದು ಯಾವ ಅಕ್ಕನಾದರೂ ಮಾಡುವ ಕೆಲಸ. ಅಮ್ಮನ ಬಾಯಿಂದ ಅಷ್ಟು ವರ್ಷ ತಪ್ಪು ಮನುಷ್ಯನಿಗೆ ಶಾಪ ಹಾಕಿಸಿದಳಲ್ಲ, ಅದಕ್ಕೆ. ನಾನು ತಿಂದ ಪ್ರತಿಯೊಂದು ತುತ್ತೂ ಆ ಮುದುಕನ ತಟ್ಟೆಯಿಂದ ಬಂದದ್ದು ಎಂದು ಅನ್ನಿಸಿತಲ್ಲ, ಅದಕ್ಕೆ. ನಾಲ್ಕು ದಿನ ಅತ್ತೆಯ ಜೊತೆ ಮಾತು ಬಿಟ್ಟೆ. ಬಸ್ಸು ಆಚೆಯ ಸ್ಟಾಪಿಗೆ ಬಂದಾಗ ಮುದುಕನ ಕಣ್ಣು ತಪ್ಪಿಸಿ ಟಿಕೆಟ್ ಹರಿಯುವಂತೆ ನಟಿಸಿದೆ. ಅವನು ಕೇಳಿದ. ಇಲ್ಲ ತಾತ ಎನ್ನುವ ಬದಲು ಡ್ರೈವರಿಗೆ ಸೀಟಿ ಊದಿದೆ.

ಐದನೆಯ ದಿನ ಮುದುಕ ಇರಲಿಲ್ಲ. ಆರನೆಯ ದಿನವೂ ಇಲ್ಲ. ಸ್ಟಾಪಿನ ಹಿಂದೆ ಒಂದು ಹೊಲಿಗೆ ಅಂಗಡಿಯಿದೆ. ಅಲ್ಲಿನ ಹೆಂಗಸು ಅವನ ಮಗಳಂತೆ. ಇಳಿದು ಹೋಗಿ ವಿಚಾರಿಸಿದೆ. ಎದೆಯಲ್ಲಿ ನೀರು ತುಂಬಿದೆ, ಮಲಗೇ ಇದ್ದಾರೆ, ಡಾಕ್ಟರು ಕೈ ಚೆಲ್ಲಿದ್ದಾರೆ ಎಂದಳು. ಕತ್ತರಿ ಕೆಳಗಿಡದೆ ಮಾತಾಡುವ ಹೆಂಗಸು. ಅಪ್ಪನನ್ನು ಕೇಳಿಕೊಂಡು ಬಂದವರು ನೀವೇ ಮೊದಲು ಎಂದಳು. ಈ ಊರಲ್ಲಿ ನಾವೆಂದರೆ ಅಷ್ಟಕ್ಕಷ್ಟೆ, ನಾನು ಚಿಕ್ಕವಳಿದ್ದಾಗ ನನ್ನ ಜೊತೆ ಯಾರೂ ಆಡಲಿಕ್ಕೆ ಬರ್ತಿರ್ಲಿಲ್ಲ ಎಂದಳು. ಅವಳಿಗೂ ನನಗೂ ಐದಾರು ವರ್ಷದ ಅಂತರವಿರಬಹುದು. ನಾನು ಯಾರ ಮಗಳೆಂದು ಹೇಳುವ ಧೈರ್ಯ ಬರಲಿಲ್ಲ. ಫೋನ್ ನಂಬರ್ ಕೊಡಿ ಅಂದೆ, ಕೊಟ್ಟಳು. ಡ್ರೈವರ್ ಹಾರ್ನ್ ಹೊಡೆಯುತ್ತಿದ್ದ.

ಮನೆಗೆ ಬಂದು ನಂಬರ್ ಬರೆದ ಚೀಟಿಯನ್ನು ಅತ್ತೆಯ ಮುಂದಿಟ್ಟೆ. ಮಾಡುತ್ತೀಯೋ ಬಿಡುತ್ತೀಯೋ, ನಾನು ಹೇಳುವುದಿಲ್ಲ, ಆದರೆ ಹೆಚ್ಚು ದಿನವಿಲ್ಲ ಎಂದೆ. ಅವಳು ಚೀಟಿಯನ್ನು ಮಡಚಿ, ಬಿಚ್ಚಿ, ಮತ್ತೆ ಮಡಚಿದಳು. ಇಲ್ಲಿಂದ ಬೇಡ, ಗೇಟಿನ ಹತ್ತಿರ ಹೋಗೋಣ ಎಂದಳು.

ಮರುದಿನ ಬೆಳಿಗ್ಗೆ ರಜೆ ಹಾಕಿ ಕರೆದುಕೊಂಡು ಹೋದೆ. ಗೂಡು ಇದ್ದ ಕಡೆ ತಂತಿಬೇಲಿ, ಬೇಲಿಯೊಳಗೆ ಟವರ್, ಅದರ ಕೆಳಗೆ ಗುಂಯ್‌ಗುಡುವ ಪೆಟ್ಟಿಗೆ. ಹಳೆಯ ಸುರಂಗದ ಬಾಯಿಗೆ ಕಟ್ಟಿದ ಗೋಡೆ ಪಾಚಿಗಟ್ಟಿತ್ತು. ಗೋಡೆಯ ಮೇಲ್ತುದಿಯ ತೂತಿನಿಂದ ಎರಡು ಎಳೆ ಹಳೆಯ ತಂತಿ ಹೊರಗೆ ಬಂದು ಎಲ್ಲಿಗೂ ಹೋಗದೆ ಜೋತುಬಿದ್ದಿದ್ದವು. ಅತ್ತೆ ಅವನ್ನೇ ನೋಡುತ್ತ ನಿಂತಳು. ಆಮೇಲೆ ಚೀಲದಿಂದ ಬೂದು ಬಣ್ಣದ ಕೈಗವಸು ತೆಗೆದಳು. ಹಾಕಿಕೊಳ್ಳಲಿಲ್ಲ, ಎಡಗೈಯಲ್ಲಿ ಹಿಡಿದುಕೊಂಡಳು. ನನ್ನ ಮೊಬೈಲಿನಲ್ಲಿ ಹೊತ್ತು ನೋಡಿದೆ. ಹನ್ನೊಂದೂ ಇಪ್ಪತ್ತಕ್ಕೆ ಎರಡು ನಿಮಿಷವಿತ್ತು. ನಾವು ಹೊತ್ತು ಲೆಕ್ಕ ಹಾಕಿಕೊಂಡು ಹೊರಟವರಲ್ಲ.

ನಂಬರ್ ಒತ್ತಿ ಅವಳ ಕೈಗೆ ಕೊಟ್ಟೆ. ಮಗಳು ಎತ್ತಿದಳು. ಅಪ್ಪನ ಜೊತೆ ಮಾತಾಡಬೇಕು, ಹಳೆಯ ಪರಿಚಯ ಎಂದಳು ಅತ್ತೆ. ಅಷ್ಟು ಹತ್ತಿರ ನಿಂತಿದ್ದರಿಂದ ನನಗೂ ಕೇಳುತ್ತಿತ್ತು. ಹಾಸಿಗೆ ಸರಿದ ಸದ್ದು, ಏದುಸಿರು. ಗಂಟಲು ಸರಿಮಾಡಿಕೊಂಡ ಸದ್ದು, ಒಂದು ಸಲ, ಇನ್ನೊಂದು ಸಲ.

"ಹಲೋ," ಎಂದಳು ಅತ್ತೆ. ಇಷ್ಟು ವರ್ಷವಾದರೂ ಅವಳ ದನಿ ಹಾಗೇ ಇದೆ.

ಆ ಕಡೆ ಮಂಚ ಕಿರುಗುಟ್ಟಿತು, ಏಳಲು ನೋಡಿದನೇನೋ. ಆಮೇಲೆ ಕೇಳಿಸಿತು.

"ಆ ಕಡೆಯಮ್ಮ," ಎಂದ ಮುದುಕ. ಸ್ವಲ್ಪ ಉಸಿರು ತೆಗೆದುಕೊಂಡ. "ಬಾಲ ಯಾವ್ದು?"

ಅತ್ತೆ ಬೇಲಿಯ ಕಂಬ ಹಿಡಿದುಕೊಂಡಳು.

"ಹಾಲಿನ ವ್ಯಾನ್," ಎಂದಳು. "ನಾನು ಹೇಳಿದ್ದು ಹಾಲಿನ ವ್ಯಾನ್ ಅಂತಾನೇ. ಆಮೇಲೆ ಒಬ್ಬನ್ನ ಬಿಟ್ಟೆ. ನಿಮಗೆ ಹೇಳ್ಲಿಲ್ಲ."

"ಹಾಲಿನ ವ್ಯಾನ್ ಬಂತು," ಎಂದ ಅವನು. "ನಾನು ನೋಡ್ದೆ. ಬಂತು."

ಕ್ಷಮಿಸಿ ಎನ್ನಲು ಅತ್ತೆ ಬಾಯಿ ತೆರೆದಳು. ಅವನಿಗೆ ಅದು ಬೇಕಿರಲಿಲ್ಲ.

"ನನ್ನ ಮಗಳು ಇಲ್ಲೇ ಇದಾಳೆ," ಎಂದ. "ಈಗ ಹೇಳಿದ್ದನ್ನ ಅವಳಿಗೆ ಹೇಳಿ."

ಫೋನು ಕೈ ಬದಲಾಯಿತು. ಅತ್ತೆ ಅದನ್ನೇ ಇನ್ನೊಮ್ಮೆ ಮೊದಲಿಂದ ಹೇಳಿದಳು, ತಾನು ಯಾರು ಎನ್ನುವುದರಿಂದ ಹಿಡಿದು, ವಿಚಾರಣೆಯಲ್ಲಿ ಹೇಳಿದ ಎರಡು ಮಾತಿನ ತನಕ. ಒಂದನ್ನೂ ಬಿಡಲಿಲ್ಲ, ಒಂದಕ್ಕೂ ನೆಪ ಹೇಳಲಿಲ್ಲ. ಯಾರನ್ನು ಬಿಟ್ರಿ ಎಂದು ಮಗಳು ಕೇಳಿದಳು. ನನ್ನ ತಮ್ಮನ್ನ ಎಂದಳು ಅತ್ತೆ. ಹೊಲಿಗೆಯವಳು ಅಳುತ್ತಿದ್ದಾಳೆ ಎಂದುಕೊಂಡೆ, ಆದರೆ ಮಾತಾಡಿದಾಗ ದನಿ ಒಣಗಿತ್ತು.

"ನಾಳೆ ಇಲ್ಲಿಗೆ ಬನ್ನಿ," ಎಂದಳು. "ಅಪ್ಪ ಇರೋವಾಗ್ಲೇ ಬನ್ನಿ. ಬೀದಿಯವರನ್ನೆಲ್ಲ ಕರೀತೀನಿ. ಅವರೆದುರಿಗೆ ಹೇಳಿ."

ಬರ್ತೀನಿ ಎಂದಳು ಅತ್ತೆ. ಅಲ್ಲಿಗೆ ಹೋಗಬೇಕಾದರೆ ಗುಡ್ಡದೊಳಗೆ ಹಾದುಹೋಗಬೇಕು. ಅದು ಅವಳಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು. ವಾಪಸ್ಸು ಬರುವಾಗ, ನಿನ್ನ ಬಸ್ಸು ಎಷ್ಟು ಹೊತ್ತಿಗೆ ಎಂದು ಮಾತ್ರ ಕೇಳಿದಳು.

ಆ ಸಂಜೆ ನಾನು ಅಂಗಡಿಗೆ ಹೋಗಿ ತಡವಾಗಿ ಬಂದೆ. ಅತ್ತೆ ಬಾಗಿಲಲ್ಲೇ ಕಾಯುತ್ತಿದ್ದಳು. ನಾನು ಚಪ್ಪಲಿ ಬಿಡುತ್ತಿದ್ದಂತೆ "ಬಾಲ ಬಂತು" ಎಂದು ಚಿಲಕ ಹಾಕಿ ಒಳಗೆ ಹೋದಳು. ನಾಲ್ಕು ಹೆಜ್ಜೆಗೆ ನಿಲ್ಲುತ್ತಾಳೆಂದು ನೋಡುತ್ತಿದ್ದೆ. ನಿಲ್ಲಲಿಲ್ಲ. ಅಡುಗೆಮನೆಯಲ್ಲಿ ಪಾತ್ರೆಯ ಸದ್ದಾಯಿತು, ನಾಳೆ ಉಡಲು ಯಾವ ಸೀರೆ ತೆಗೆದಿಡಲಿ ಎಂದು ಅಲ್ಲಿಂದಲೇ ಕೂಗಿ ಕೇಳಿದಳು.

ಅವಳ ಲೆಕ್ಕ ಅವಳು ಒಪ್ಪಿಸಿದ್ದಳು, ಆ ಕಡೆಯವನ ಲೆಕ್ಕವೂ ಸರಿಹೋಗಿತ್ತು. ಒಳಗೆ ಹೋದವನು ಮಾತ್ರ ಇನ್ನೂ ಯಾವ ಕಡೆಗೂ ಹೊರಗೆ ಬಂದಿರಲಿಲ್ಲ. ತಿರುವಿನ ಹತ್ತಿರ, ಕತ್ತಲಲ್ಲಿ, ಅವಸರವಿಲ್ಲದೆ ಚೈನು ಕಚ್ಚಿಸಲು ನೋಡುತ್ತಿದ್ದ ಆ ಸದ್ದು ನನ್ನ ಕಿವಿಯಲ್ಲಿತ್ತು, ಅದನ್ನು ನಾನು ಯಾರಿಗೂ ಹೇಳಿರಲಿಲ್ಲ. ನಾನು ಬಾಗಿಲ ಹತ್ತಿರ ಹೋದೆ. ಚಿಲಕ ತೆಗೆದು, ತಲೆ ಹೊರಗೆ ಹಾಕಿ, ಬೀದಿಯ ಕೊನೆಯವರೆಗೂ ನೋಡಿದೆ.